ಮೆಟ್ಟಿಲ ಕೆಳಗಿನ ಮೂಟೆಗಳು



ದತ್ತಿ ಉಪನ್ಯಾಸಕ್ಕೆ ಬಂದವರು ದತ್ತಿ ಇಟ್ಟವರನ್ನು ಎರಡು ಮಾತಿನಲ್ಲಿ ನೆನೆದು ತಮ್ಮ ವಿಷಯಕ್ಕೆ ಹೋಗುವುದು ವಾಡಿಕೆ. ನಾನು ದತ್ತಿ ಎಂಬ ಆ ಮಾತಿನ ಹತ್ತಿರವೇ ಸ್ವಲ್ಪ ಹೊತ್ತು ನಿಲ್ಲುತ್ತೇನೆ. ಅದು ನಮ್ಮ ನಾಡಿನ ಬಹಳ ಹಳೆಯ ಪದ. ಅಯ್ಯಾವೊಳೆಯ ಐನೂರ್ವರು ಎಂಬ ವರ್ತಕರ ಸಂಘ ದೇವಾಲಯಗಳಿಗೆ ಬಿಟ್ಟ ದತ್ತಿಗಳ ಶಾಸನಗಳು ನಾಡಿನ ಉದ್ದಕ್ಕೂ ನಿಂತಿವೆ. ಯಾರು ಏನನ್ನು ಕೊಟ್ಟರು, ಯಾವ ದೇವರಿಗೆ ಕೊಟ್ಟರು ಎಂಬುದನ್ನು ಕಲ್ಲಿನಲ್ಲಿ ಕೆತ್ತಿದ್ದಾರೆ. ಕೊಟ್ಟದ್ದನ್ನು ಕಿತ್ತುಕೊಂಡವನಿಗೆ ತಟ್ಟುವ ಪಾಪವನ್ನೂ ಕೆತ್ತಿದ್ದಾರೆ. ಆದರೆ ಆ ಸಂಪತ್ತು ಕೂಡಿದ್ದು ಹೇಗೆ, ಕೂಡುತ್ತಿದ್ದಾಗ ಮನೆಯೊಳಗೆ ಏನಾಯಿತು, ಹೆಂಡತಿ ಏನಂದಳು, ಗುಮಾಸ್ತ ಏನು ಉಂಡ ಎಂಬುದನ್ನು ಕಲ್ಲು ಹೇಳುವುದಿಲ್ಲ. ಹೇಳಬಹುದಾಗಿದ್ದ ಕಡತಗಳು, ಬಟ್ಟೆಗೆ ಹುಣಿಸೆಬೀಜದ ಸರಿಯನ್ನೂ ಇದ್ದಿಲ ಪುಡಿಯನ್ನೂ ಬಳಿದು ಬಳಪದಲ್ಲಿ ಬರೆಯುತ್ತಿದ್ದ ಆ ಕರಿ ಮಡಿಕೆಗಳು, ಬಹುಪಾಲು ಗೆದ್ದಲಿಗೋ ಒಲೆಗೋ ಹೋದವು.

ಆದ್ದರಿಂದ ಇವತ್ತು ನಿಮ್ಮನ್ನು ದೂರದ ಒಂದು ಊರಿಗೆ ಕರೆದುಕೊಂಡು ಹೋಗುತ್ತೇನೆ. ಇಟಲಿಯ ಟಸ್ಕನಿ ಪ್ರಾಂತದಲ್ಲಿ, ಫ್ಲಾರೆನ್ಸ್ ನಗರಕ್ಕೆ ಹತ್ತಿರದಲ್ಲಿ ಪ್ರಾತೊ ಎಂಬ ಊರಿದೆ. ಅಲ್ಲಿ 1410ರಲ್ಲಿ ತೀರಿಕೊಂಡ ಒಬ್ಬ ವರ್ತಕನ ದತ್ತಿಯೂ ಉಳಿದಿದೆ, ಲೆಕ್ಕದ ಪುಸ್ತಕಗಳೂ ಉಳಿದಿವೆ, ಹೆಂಡತಿಯ ಕಾಗದಗಳೂ ಉಳಿದಿವೆ. ಮೂರೂ ಒಂದೇ ಮನೆಯಲ್ಲಿ ಉಳಿದದ್ದರಿಂದ ಒಂದನ್ನು ಇನ್ನೊಂದರ ಪಕ್ಕ ಇಟ್ಟು ಓದಬಹುದು. ಆತನ ಹೆಸರು ಫ್ರಾಂಚೆಸ್ಕೊ ದಾತೀನಿ.

ನನಗೆ ಈ ಮನುಷ್ಯನ ಮೇಲೆ ಇಷ್ಟು ಆಸ್ಥೆ ಏಕೆ ಎಂಬುದನ್ನೂ ಹೇಳಿಬಿಡುತ್ತೇನೆ. ನಮ್ಮ ತಂದೆ ಮಲೆನಾಡಿನ ಅಂಚಿನ ಒಂದು ಪೇಟೆಯ ಅಡಿಕೆ ಮಂಡಿಯಲ್ಲಿ ಗುಮಾಸ್ತರಾಗಿದ್ದರು. ಅಳೆಯುವವನು ಮೊದಲ ಅಳತೆಗೆ ‘ಒಂದು’ ಎನ್ನದೆ ‘ಲಾಭ’ ಎನ್ನುವುದನ್ನು ಕೇಳುತ್ತಾ ನಾನು ಬೆಳೆದೆ. ಆ ಮಂಡಿಯ ಸಾಹುಕಾರರ ಮಗ ನನ್ನ ವಾರಿಗೆಯವನು. ಸಂಜೆಯ ಹೊತ್ತು ಅವನು ಮಂಡಿಯ ಜಗಲಿಗೆ ಬಂದು ಕೂರುತ್ತಿದ್ದ. ಮನೆಯಲ್ಲಿ ಅಪ್ಪನ ಮುಖ ಕಾಣುವುದಿಲ್ಲ, ಅದಕ್ಕೇ ಇಲ್ಲಿಗೆ ಬರುತ್ತೇನೆ ಎಂದು ಒಮ್ಮೆ ಹೇಳಿದ್ದ. ಸಾಹುಕಾರರು ತಲೆ ಎತ್ತದೆ ಖಾತೆ ನೋಡುತ್ತಿದ್ದರು. ಹುಡುಗ ಅವರನ್ನೇ ನೋಡುತ್ತಿದ್ದ. ಎಷ್ಟೋ ವರ್ಷಗಳ ಮೇಲೆ ಐರಿಸ್ ಒರಿಗೊ ಅವರು 1957ರಲ್ಲಿ ಪ್ರಕಟಿಸಿದ ದಾತೀನಿಯ ಜೀವನಕಥೆ ಓದುವಾಗ ಆ ಜಗಲಿ ಕಣ್ಣಿಗೆ ಕಟ್ಟಿತು. ದಾತೀನಿಯ ಲೆಕ್ಕದ ಪುಸ್ತಕಗಳ ಮೊದಲ ಪುಟದಲ್ಲಿ ದೇವರ ಹೆಸರನ್ನೂ ಲಾಭದ ಹೆಸರನ್ನೂ ಒಟ್ಟಿಗೆ ಬರೆದಿದೆ. ಆ ಸಾಲು ನನಗೆ ಪರದೇಶದ್ದು ಅನ್ನಿಸಲಿಲ್ಲ.

ಫ್ರಾಂಚೆಸ್ಕೊ ಹುಟ್ಟಿದ್ದು 1335ರ ಸುಮಾರಿಗೆ. ತಂದೆ ಮಾರ್ಕೊ ಪ್ರಾತೊದಲ್ಲಿ ಹೆಂಡದಂಗಡಿ ಇಟ್ಟುಕೊಂಡಿದ್ದ ಸಾಧಾರಣ ಮನುಷ್ಯ. 1348ರಲ್ಲಿ ಯುರೋಪನ್ನೆಲ್ಲ ಬಡಿದ ಮಹಾಮಾರಿ ಪ್ಲೇಗು ಆ ಮನೆಗೂ ಬಂತು. ತಂದೆ, ತಾಯಿ, ಒಡಹುಟ್ಟಿದ ಇಬ್ಬರು ಹೋದರು. ಉಳಿದವರು ಫ್ರಾಂಚೆಸ್ಕೊ ಮತ್ತು ಅವನ ತಮ್ಮ ಸ್ತೆಫಾನೊ. ಫ್ರಾಂಚೆಸ್ಕೊನಿಗೆ ಆಗ ಹದಿಮೂರರ ಆಸುಪಾಸು. ಪಿಯೆರಾ ಎಂಬ ಹೆಂಗಸು ಅವರನ್ನು ತಾಯಿಯಂತೆ ನೋಡಿಕೊಂಡಳು. ಹುಡುಗ ಫ್ಲಾರೆನ್ಸಿನ ಅಂಗಡಿಯಲ್ಲಿ ವರ್ಷದ ಮೇಲೆ ಚಾಕರಿ ಮಾಡಿದ. ಪೋಪರು ಆಗ ರೋಮ್ ಬಿಟ್ಟು ಫ್ರಾನ್ಸಿನ ಕಡೆಯ ಅವಿನ್ಯೋಂ ನಗರದಲ್ಲಿದ್ದರು. ಅಲ್ಲಿ ಹಣ ಹೊಳೆಯಾಗಿ ಹರಿಯುತ್ತದೆ ಎಂದು ವರ್ತಕರು ಆಡುತ್ತಿದ್ದ ಮಾತು ಕಿವಿಗೆ ಬಿತ್ತು. ತನ್ನ ಪಾಲಿನ ತುಂಡು ಭೂಮಿಯನ್ನು ಮಾರಿ, ಬಂದ 150 ಫ್ಲೋರಿನ್ ಚಿನ್ನದ ನಾಣ್ಯಗಳನ್ನು ಕಟ್ಟಿಕೊಂಡು 1350ರಲ್ಲಿ ಹೊರಟ. ಆಗ ಅವನಿಗೆ ಹದಿನೈದು ವರ್ಷ.

ಅವಿನ್ಯೋಂನಲ್ಲಿ ಅವನು ಮೂವತ್ತಕ್ಕೂ ಹೆಚ್ಚು ವರ್ಷ ಇದ್ದ. ಮೊದಲು ಕೈಹತ್ತಿದ ವ್ಯಾಪಾರ ಆಯುಧಗಳದ್ದು. ಮಿಲಾನಿನ ಕವಚ, ಶಿರಸ್ತ್ರಾಣ, ಕತ್ತಿ, ಕಠಾರಿ. ಆ ಕಾಲದ ದಕ್ಷಿಣ ಫ್ರಾನ್ಸಿನಲ್ಲಿ ಕೂಲಿ ಸೈನ್ಯಗಳು ಊರು ಊರನ್ನು ಸುಲಿಯುತ್ತಿದ್ದವು. ದಾತೀನಿ ಸುಲಿಯುವವರಿಗೂ ಮಾರಿದ, ಸುಲಿಗೆಯಿಂದ ಉಳಿಯಲು ಗೋಡೆಯ ಹಿಂದೆ ನಿಂತ ಊರವರಿಗೂ ಮಾರಿದ. ಲೆಕ್ಕದಲ್ಲಿ ಎರಡೂ ಇದೆ. ಅದನ್ನು ಅವನು ಮುಚ್ಚಿಡಲಿಲ್ಲ, ಮುಚ್ಚಿಡಬೇಕಾದದ್ದು ಅಂತ ಅವನಿಗೆ ತೋಚಿದಂತೆಯೂ ಇಲ್ಲ. ಉಪ್ಪು, ಬಟ್ಟೆ, ಆಭರಣ ಆಮೇಲೆ ಸೇರಿದವು. ಫ್ಲಾರೆನ್ಸಿನಿಂದ ಮೇರಿಯ ಚಿತ್ರಗಳನ್ನೂ ತರಿಸುತ್ತಿದ್ದ. ಇಷ್ಟು ಅಳತೆ, ಇಷ್ಟು ಬೆಲೆ, ಗಿರಾಕಿ ಒಪ್ಪುವ ಬಣ್ಣ ಎಂದು ಬರೆದು ತರಿಸುತ್ತಿದ್ದ. ಸಾಕಿದ ಪಿಯೆರಾ ಊರಿಗೆ ಬಾ, ಮದುವೆಯಾಗು ಎಂದು ಕಾಗದ ಬರೆಸುತ್ತಿದ್ದಳು. ಇವನು ಬರುತ್ತೇನೆ ಎನ್ನುತ್ತಿದ್ದ.

ಮದುವೆ ಆದದ್ದು 1376ರಲ್ಲಿ, ಅವಿನ್ಯೋಂನಲ್ಲೇ, ನಲವತ್ತು ದಾಟಿದ ಮೇಲೆ. ಹೆಣ್ಣು ಮಾರ್ಗರಿತಾ, ಹದಿನಾರರ ಹುಡುಗಿ. ಅವಳ ತಂದೆ ಫ್ಲಾರೆನ್ಸಿನ ಆಡಳಿತದ ವಿರುದ್ಧ ಸಂಚು ಮಾಡಿದನೆಂದು 1360ರಲ್ಲಿ ತಲೆ ಕಳೆದುಕೊಂಡಿದ್ದ. ಆಸ್ತಿ ಹೋಗಿ ಕುಟುಂಬ ಪರವೂರಿಗೆ ಬಂದಿತ್ತು. ವರದಕ್ಷಿಣೆ ಕೊಡುವ ಶಕ್ತಿ ಇರಲಿಲ್ಲ, ಆದರೆ ತಾಯಿಯ ಕಡೆಯಿಂದ ಗೆರಾರ್ದೀನಿ ಎಂಬ ದೊಡ್ಡ ಮನೆತನ. ಮುಂದೆ ಒಂದು ಜಗಳದ ಕಾಗದದಲ್ಲಿ ಮಾರ್ಗರಿತಾ ಈ ಮಾತನ್ನು ಎತ್ತುತ್ತಾಳೆ. ತನ್ನ ಮೈಯಲ್ಲಿ ಗೆರಾರ್ದೀನಿ ರಕ್ತ ಒಂದಿಷ್ಟಿದೆ, ಗಂಡನದು ಯಾವ ರಕ್ತವೋ ತನಗೆ ತಿಳಿಯದು ಎನ್ನುತ್ತಾಳೆ. ಹೆಂಡದಂಗಡಿಯವನ ಮಗನಿಗೆ ಅದು ಎಲ್ಲಿ ನಾಟಿತೆಂದು ನೀವೇ ಊಹಿಸಿ.

1383ರ ಆರಂಭದಲ್ಲಿ ಅವರು ಪ್ರಾತೊಗೆ ಬಂದರು. ಇನ್ನು ಮುಂದಿನದು ದಾತೀನಿಯ ದೊಡ್ಡ ಕಾಲ. ಫ್ಲಾರೆನ್ಸ್, ಪಿಸಾ, ಜಿನೋವಾ, ಬಾರ್ಸಿಲೋನಾ, ವಲೆನ್ಸಿಯಾ, ಮಯೋರ್ಕಾ ದ್ವೀಪ, ಹಳೆಯ ಅವಿನ್ಯೋಂ, ಎಲ್ಲ ಕಡೆ ಅವನ ಮಂಡಿಗಳು. ಒಂದೊಂದು ಮಂಡಿಗೂ ಬೇರೆ ಬೇರೆ ಪಾಲುದಾರಿಕೆ, ಬೇರೆ ಬೇರೆ ಖಾತೆ. ಇದರ ಹಿಂದೆ ಒಂದು ಭಯವಿತ್ತು. ಅವನು ಚಿಕ್ಕವನಿದ್ದಾಗ ಬಾರ್ದಿ, ಪೆರುಜ್ಜಿ ಎಂಬ ಫ್ಲಾರೆನ್ಸಿನ ಮಹಾ ಸಾಹುಕಾರಿ ಮನೆತನಗಳು ಇಂಗ್ಲೆಂಡಿನ ರಾಜನಿಗೆ ಸಾಲ ಕೊಟ್ಟು, ಅದು ವಾಪಸಾಗದೆ ನೆಲಕಚ್ಚಿದ್ದವು. ಒಂದು ಕೊಂಬೆ ಮುರಿದರೆ ಮರವೆಲ್ಲ ಬೀಳಬಾರದು ಎಂದು ದಾತೀನಿ ವ್ಯವಹಾರವನ್ನು ಹೀಗೆ ಹಂಚಿದ. ಜಮೆ ಖರ್ಚುಗಳನ್ನು ಎರಡು ಬದಿಯಲ್ಲಿ ತಾಳೆ ಹಾಕುವ ಲೆಕ್ಕ ಪದ್ಧತಿ, ಹಡಗುಗಳಿಗೆ ವಿಮೆ, ನಮ್ಮ ಹುಂಡಿಗಳ ಹಾಗಿನ ಹಣದ ಪತ್ರಗಳು, ಎಲ್ಲವನ್ನೂ ಬಳಸಿದ.

ಅವನ ಸರಕುಗಳಲ್ಲಿ ಕರಿಮೆಣಸೂ ಶುಂಠಿಯೂ ಇವೆ. ಆಗ ಯುರೋಪಿಗೆ ಹೋಗುತ್ತಿದ್ದ ಕರಿಮೆಣಸು ನಮ್ಮ ಪಶ್ಚಿಮ ಘಟ್ಟದ ಬಳ್ಳಿಯದು. ಘಟ್ಟ ಇಳಿದು, ಅರಬರ ಹಡಗು ಹತ್ತಿ, ಅಲೆಗ್ಸಾಂಡ್ರಿಯಾದಲ್ಲೋ ಬೈರೂತಿನಲ್ಲೋ ಕೈ ಬದಲಾಗಿ ಅದು ಇಟಲಿ ಸೇರುತ್ತಿತ್ತು. ವಿಜಯನಗರದಲ್ಲಿ ಎರಡನೆಯ ಹರಿಹರ ಆಳುತ್ತಿದ್ದ ವರ್ಷಗಳು ಅವು. ಮೆಣಸು ಬಿಡಿಸಿದ ಕೈಗೆ ದಾತೀನಿಯ ಹೆಸರು ಗೊತ್ತಿರಲಿಲ್ಲ, ದಾತೀನಿಗೆ ಘಟ್ಟದ ಹೆಸರು ಗೊತ್ತಿರಲಿಲ್ಲ.

ಆ ಕಾಲದ ವ್ಯಾಪಾರ ಎಷ್ಟು ನಿಧಾನ, ಎಷ್ಟು ಆತಂಕದ್ದು ಎಂಬುದಕ್ಕೆ ಒಂದು ಉಣ್ಣೆಯ ಕಥೆ ಸಾಕು. 1394ರ ಕೊನೆಯಲ್ಲಿ ಅವನ ಮಂಡಿ ಮಿನೋರ್ಕಾ ದ್ವೀಪದ ಉಣ್ಣೆಗೆ ಹೇಳಿ ಕಳಿಸಿತು. ಮರುವರ್ಷ ಕುರಿಗಳ ಉಣ್ಣೆ ಕತ್ತರಿಸಿದರು. ಅದು ಸಮುದ್ರ ದಾಟಿ ಪಿಸಾ ಬಂದರಿಗೆ, ಅಲ್ಲಿಂದ ಪ್ರಾತೊಗೆ ಬಂತು. ಹಿಂಜಿ, ನೂತು, ನೇಯ್ದು, ಬಣ್ಣ ಹಾಕಿ ಆರು ಥಾನು ಬಟ್ಟೆಯಾಯಿತು. ಆ ಬಟ್ಟೆ ವೆನಿಸ್ ಮೂಲಕ ಮತ್ತೆ ಮಯೋರ್ಕಾ ಕಡೆಗೇ ಹೋಯಿತು. ಅಲ್ಲಿ ಪೂರಾ ಬಿಕರಿಯಾಗದೆ ಉಳಿದದ್ದು ವಲೆನ್ಸಿಯಾಕ್ಕೆ, ಉತ್ತರ ಆಫ್ರಿಕಾಕ್ಕೆ. ಕೊನೆಯ ತುಂಡು ಮಾರಾಟವಾಗುವ ಹೊತ್ತಿಗೆ ಮೂರೂವರೆ ವರ್ಷ ಕಳೆದಿತ್ತು. ಲಾಭ ನೂರಕ್ಕೆ ಸುಮಾರು 9. ಮೂರೂವರೆ ವರ್ಷ ಬಿರುಗಾಳಿ, ಕಡಲ್ಗಳ್ಳರು, ಯುದ್ಧ, ಸುಂಕದವರು ಎಂದು ಬೆಚ್ಚುತ್ತಾ ಕಾದು 9! ಇಂಥ ನೂರಾರು ವ್ಯವಹಾರಗಳು ಒಂದೇ ಕಾಲಕ್ಕೆ ನಡೆಯುತ್ತಿದ್ದವು. ಎಲ್ಲದರ ಎಳೆಯೂ ಒಬ್ಬನ ಬೆರಳಿನಲ್ಲಿ.

ಆ ಬೆರಳು ಬರೆಯುತ್ತಿತ್ತು. ಹಗಲು ಬರೆಯುತ್ತಿತ್ತು, ರಾತ್ರಿ ಬರೆಯುತ್ತಿತ್ತು. ನಿದ್ದೆಯಿಲ್ಲದೆ, ಒಂದು ರೊಟ್ಟಿಯ ಮೇಲೆ ದಿನ ದೂಡಿ ಬರೆದೆನೆಂದು ಅವನೇ ಹೇಳಿಕೊಳ್ಳುತ್ತಾನೆ. ದೂರದ ಮಂಡಿಗಳ ಗುಮಾಸ್ತರು ಹೆಚ್ಚಾಗಿ ಮನೆ ಬಿಟ್ಟು ಬಂದ ಎಳೆಯ ಹುಡುಗರು. ಅವರಿಗೆ ಹೋಗುತ್ತಿದ್ದ ಕಾಗದಗಳಲ್ಲಿ ಬೈಗುಳ ತುಂಬಿದೆ. ಹಾಲಿನ ಬಟ್ಟಲಿನಲ್ಲಿ ಬಿದ್ದ ಕಾಗೆಯೂ ನಿನ್ನ ಕಣ್ಣಿಗೆ ಕಾಣದು ಎಂದು ಒಬ್ಬನನ್ನು ಜರೆಯುತ್ತಾನೆ. ಯಾರನ್ನೂ ನಂಬಬೇಡ ಎಂಬುದು ಅವನು ಕೊಡುತ್ತಿದ್ದ ಬುದ್ಧಿ. ಗುಮಾಸ್ತನ ಮಗನಾಗಿ ಆ ಹುಡುಗರ ಕಡೆಗೆ ನನ್ನ ಮನಸ್ಸು ಹೆಚ್ಚು ವಾಲುತ್ತದೆ. ಬಾರ್ಸಿಲೋನಾದ ಮಂಡಿಯೊಂದರಲ್ಲಿ ಕಾಗದ ಬಿಚ್ಚುವ ಕೈ ಹೇಗೆ ನಡುಗಿರಬಹುದು ಎಂದು ನಾನು ಯೋಚಿಸುತ್ತೇನೆ.

ಇನ್ನೊಂದು ಸರಕಿನ ಮಾತನ್ನು ಹೇಳಲೇಬೇಕು. ಮಹಾಮಾರಿಯ ನಂತರ ಆಳುಗಳು ಸಿಗದೆ ಹೋದಾಗ ಫ್ಲಾರೆನ್ಸಿನ ಸರ್ಕಾರ 1363ರಲ್ಲಿ, ಕ್ರೈಸ್ತರಲ್ಲದವರಾದರೆ ಸರಿ ಎಂದು, ಗುಲಾಮರನ್ನು ತರಿಸಲು ಅನುಮತಿ ಕೊಟ್ಟಿತ್ತು. ಕಪ್ಪು ಸಮುದ್ರದ ಕಡೆಯಿಂದ ಜಿನೋವಾದ ಹಡಗುಗಳು ಅವರನ್ನು ತರುತ್ತಿದ್ದವು. ದಾತೀನಿಯ ಕಾಗದಗಳಲ್ಲಿರುವ ಒಂದು ಹಡಗಿನ ಸರಕುಪಟ್ಟಿಯಲ್ಲಿ ಸೀಸದ ಗಟ್ಟಿಗಳ ಸಾಲಿನಲ್ಲೇ 80 ಗುಲಾಮರ ಲೆಕ್ಕವಿದೆ. ತನ್ನ ಮನೆಗೆ ಎಂಟರಿಂದ ಹತ್ತು ವರ್ಷದೊಳಗಿನ ಒಂದು ಹುಡುಗಿ ಬೇಕು, ಪಾತ್ರೆ ತೊಳೆಯಲು, ಸೌದೆ ಹೊರಲು ಆಗಬೇಕು ಎಂದು ಅವನು ಜಿನೋವಾಕ್ಕೆ ಬರೆದಿದ್ದಾನೆ. ಕಾಲವೇ ಹಾಗಿತ್ತು ಎಂದು ಕೆಲವರು ಹೇಳುತ್ತಾರೆ. ಆ ಹುಡುಗಿಗೂ ಅದೇ ಕಾಲ ತಾನೇ?

ಈಗ ಮನೆಯೊಳಗೆ ಹೋಗೋಣ. ದಾತೀನಿ ಪ್ರಾತೊದಲ್ಲಿ ದೊಡ್ಡ ಮನೆ ಕಟ್ಟಿಸಿದ. ಗೋಡೆಗಳಿಗೆ ಚಿತ್ರ ಬರೆಸಿದ. ಕಟ್ಟಿಸಿ, ತಾನು ಹೆಚ್ಚು ಕಾಲ ಫ್ಲಾರೆನ್ಸಿನಲ್ಲಿ ಉಳಿದ. ಗಂಡ ಅಲ್ಲಿ, ಹೆಂಡತಿ ಇಲ್ಲಿ. ಕೆಲವೊಮ್ಮೆ ಹೆಂಡತಿ ಅಲ್ಲಿ, ಗಂಡ ಇಲ್ಲಿ. ನಡುವಿನ ದಾರಿ ಅರ್ಧ ದಿನದ್ದು. ಕತ್ತೆಯ ಮೇಲೆ ಮೂಟೆ ಹೇರಿಕೊಂಡು ಓಡಾಡುವವರ ಕೈಯಲ್ಲಿ ಕಾಗದಗಳು ಹೋಗಿ ಬರುತ್ತಿದ್ದವು. ಅವನ ಕಾಗದಗಳು ಬಹುಮಟ್ಟಿಗೆ ಪಟ್ಟಿಗಳು. ಹೇಸರಗತ್ತೆಯ ಕಾಲು ತೊಳೆಸು, ಗೋಧಿ ಬೀಸಲು ಕಳಿಸು, ವಿನಿಗರ್ ಪೀಪಾಯಿ ನೋಡು, ಬಾಗಿಲ ಬೀಗ ನೋಡು. ಇವಳು ಅಷ್ಟನ್ನೂ ಮಾಡುತ್ತಿದ್ದಳು. ಅದರ ಮೇಲೆ ಸಾಲ ವಸೂಲಿ, ಕಟ್ಟಡದ ಆಳುಗಳ ಉಸ್ತುವಾರಿ, ತೆರಿಗೆಯವರ ಜೊತೆ ಮಾತುಕತೆ. ಹೆಂಡತಿ ಅವನ ಇನ್ನೊಂದು ಮಂಡಿಯ ಮುಖ್ಯಸ್ಥೆಯಾಗಿದ್ದಳು. ಪಾಲು ಮಾತ್ರ ಇರಲಿಲ್ಲ.

ಅವರಿಗೆ ಮಕ್ಕಳಾಗಲಿಲ್ಲ. ಮಾರ್ಗರಿತಾಳ ಅಕ್ಕತಂಗಿಯರ ಕಡೆಯಿಂದ ಮದ್ದುಗಳ ಸಲಹೆ ಬರುತ್ತಿತ್ತು. ಹೊಟ್ಟೆಗೆ ಹಚ್ಚುವ ಒಂದು ಲೇಪ; ಅದರ ದುರ್ವಾಸನೆಗೆ ಗಂಡಂದಿರು ಅದನ್ನು ಎಸೆದದ್ದೂ ಉಂಟಂತೆ. ಮಂತ್ರ ಬರೆದ ಒಂದು ನಡುಪಟ್ಟಿ. ಎಳೆಯ ಹುಡುಗನ ಕೈಯಿಂದಲೇ ಕಟ್ಟಿಸಬೇಕು. ಅದನ್ನು ಕಳಿಸಿಕೊಟ್ಟ ಭಾವ, ಇದಕ್ಕಿಂತ ಮೂರು ಶುಕ್ರವಾರ ಮೂವರು ಬಡವರಿಗೆ ಊಟ ಹಾಕುವುದು ಲೇಸು ಎಂಬ ಅಭಿಪ್ರಾಯವನ್ನೂ ಜೊತೆಗೆ ಬರೆದ. ನಮ್ಮ ಹಳ್ಳಿಗಳಲ್ಲಿ ಅರಳಿಕಟ್ಟೆ ಸುತ್ತಿದ ಹೆಣ್ಣುಮಕ್ಕಳನ್ನು ಕಂಡವರಿಗೆ ಇದು ನಗುವ ಮಾತಲ್ಲ.

ಫ್ರಾಂಚೆಸ್ಕೊನಿಗೆ ಮಕ್ಕಳಾದವು, ಬೇರೆ ಹೆಣ್ಣುಗಳಲ್ಲಿ. 1387ರಲ್ಲಿ ಮನೆಗೆಲಸದ ಗಿರಿಗೋರ ಬಸುರಾದಾಗ ಅವಸರದಲ್ಲಿ ಅವಳಿಗೊಂದು ಗಂಡು ಹುಡುಕಿ ಮದುವೆ ಮಾಡಿಸಿದ. ಆ ಗಂಡುಮಗು ಕೆಲವೇ ತಿಂಗಳಲ್ಲಿ ತೀರಿಕೊಂಡಿತು. 1392ರಲ್ಲಿ ಇಪ್ಪತ್ತರ ಗುಲಾಮ ಹೆಣ್ಣು ಲುಚೀಯಾ ಒಂದು ಹೆಣ್ಣು ಹೆತ್ತಳು. ಆಮೇಲೆ ಲುಚೀಯಾಳನ್ನು ಬಿಡುಗಡೆ ಮಾಡಿ ತನ್ನ ಆಳಿಗೇ ಮದುವೆ ಮಾಡಿಕೊಟ್ಟ. ಮಗು ಜಿನೇವ್ರ ದಾದಿಯ ಮನೆಯಲ್ಲಿ ಬೆಳೆದು ಆರನೆಯ ವರ್ಷಕ್ಕೆ ಮನೆಗೆ ಬಂದಳು. ಇಲ್ಲಿ ಮಾರ್ಗರಿತಾ ನನ್ನ ಕಣ್ಣಿಗೆ ಬಹಳ ದೊಡ್ಡವಳಾಗಿ ಕಾಣುತ್ತಾಳೆ. ತನ್ನ ಬರಿದಾದ ಮಡಿಲಿಗೆ ಗಂಡ ಮಾಡಿದ ಅವಮಾನವೇ ಮೈತಳೆದು ಬಂದಂತಿದ್ದ ಆ ಕೂಸನ್ನು ಅವಳು ಸ್ವಂತ ಮಗಳೆಂದು ಬಗೆದಳು, ಹಾಗೆಂದೇ ಬರೆದಳು. ಲುಚೀಯಾ ಏನೆಂದುಕೊಂಡಳೋ, ಅವಳು ಬರೆದ ಕಾಗದ ಒಂದೂ ಇಲ್ಲ.

ಮಾರ್ಗರಿತಾಳ ಕಾಗದಗಳು ಸುಮಾರು 250 ಉಳಿದಿವೆ. ಮೊದಲಿನವು ಮನೆಯ ಹುಡುಗರ ಕೈಯಲ್ಲಿ ಬರೆಸಿದವು. ಅಂದರೆ ಗಂಡನಿಗೆ ಹೇಳುವ ಕೋಪವನ್ನೂ ಅಳುವನ್ನೂ ಗುಮಾಸ್ತನೊಬ್ಬನ ಎದುರಿಗೆ ಹೇಳಿ ಬರೆಸಬೇಕು. ಮೂವತ್ತು ದಾಟಿದ ಮೇಲೆ ಅವಳು ಹಟ ಹಿಡಿದು ಬರೆಯಲು ಕಲಿತಳು. ಸ್ವಂತ ಕೈಯಿಂದ ಬರೆದ ಕಾಗದಗಳೂ ಇವೆ. ಅವುಗಳಲ್ಲಿ ಮತ್ತೆ ಮತ್ತೆ ಬರುವುದು ಒಂದೇ ಬೇಡಿಕೆ. ರಾತ್ರಿಯೆಲ್ಲ ಎದ್ದಿರಬೇಡ, ಹೊತ್ತಿಗೆ ಉಣ್ಣು, ಮನೆಗೆ ಬಾ.

ದಾತೀನಿಗೆ ಇದೇ ಮಾತನ್ನು ಹೇಳುತ್ತಿದ್ದವನು ಇನ್ನೊಬ್ಬನಿದ್ದ, ಲಾಪೊ ಮಾತ್ಸೇಯಿ. ಫ್ಲಾರೆನ್ಸಿನ ಸಾಂತಾ ಮರಿಯಾ ನುವೋವಾ ಆಸ್ಪತ್ರೆಯ ದಸ್ತಾವೇಜು ಬರೆಯುತ್ತಿದ್ದ ನೋಟರಿ. ತುಂಬು ಸಂಸಾರ, ತೆಳು ಸಂಪಾದನೆ. ಶ್ರೀಮಂತನ ಮುಖದ ಮೇಲೆ ಹೇಳುವ ಧೈರ್ಯವಿದ್ದ ಬಡವ. ಇಪ್ಪತ್ತು ವರ್ಷ ಅವನು ದಾತೀನಿಗೆ ಬರೆದ ಕಾಗದಗಳನ್ನು ಚೆಸಾರೆ ಗುವಾಸ್ತಿ ಎಂಬ ವಿದ್ವಾಂಸ 1880ರಲ್ಲಿ ಪ್ರಕಟಿಸಿದ. ಕಟ್ಟುವುದನ್ನು ನಿಲ್ಲಿಸು, ಸಾಲ ಸೋಲಗಳನ್ನು ತೀರಿಸು, ಉಯಿಲು ಬರೆ, ಹೆಂಡತಿಯ ಕಡೆ ನೋಡು. ದಾತೀನಿ ಆ ಕಾಗದಗಳನ್ನು ಎದೆಗೊತ್ತಿಕೊಂಡಷ್ಟು ಪ್ರೀತಿಸಿದ. ಅದರಂತೆ ನಡೆಯಲಿಲ್ಲ. ಅಷ್ಟೇ ಅಲ್ಲ, 1398ರ ಸುಮಾರಿಗೆ ಸ್ನೇಹಿತರು ಬೇಡವೆಂದರೂ ಹಣದ ಲೇವಾದೇವಿಯ ಬ್ಯಾಂಕೊಂದನ್ನು ತೆರೆದ. ಬಡ್ಡಿಯ ಪಾಪದ ಹೆದರಿಕೆಯಿದ್ದ ಕಾಲದಲ್ಲಿ ದೊಡ್ಡ ವರ್ತಕನೆಂಬ ಹೆಸರಿಗೆ ಅದು ಮಸಿ ಎಂದು ಅವರು ಅಂಜಿದ್ದರು.

ಇಷ್ಟು ಹೊತ್ತಿಗೆ ನಿಮ್ಮಲ್ಲಿ ಕೆಲವರಿಗೆ ನಮ್ಮ ಪುರಂದರದಾಸರ ಕಥೆ ನೆನಪಾಗಿರಬೇಕು. ಜಿಪುಣ ಶ್ರೀನಿವಾಸ ನಾಯಕ, ಮೂಗುತಿ ಕೊಟ್ಟ ಹೆಂಡತಿ ಸರಸ್ವತಿ, ಒಂದೇ ದಿನದಲ್ಲಿ ಎಲ್ಲವನ್ನೂ ಬಿಟ್ಟು ಹೊರಟ ನವಕೋಟಿ ನಾರಾಯಣ. ನಾವು ಆ ಕಥೆಯನ್ನು ಪ್ರೀತಿಸುವುದು ಅಲ್ಲಿ ಮನಸ್ಸು ತಿರುಗುತ್ತದೆ ಎಂಬ ಕಾರಣಕ್ಕೆ. ದಾತೀನಿಯ ಮನೆಯಲ್ಲೂ ಮೂಗುತಿ ಇತ್ತು, ಇಪ್ಪತ್ತಾರು ವರ್ಷ ಅಂಚೆಯಲ್ಲಿ ಬರುತ್ತಲೇ ಇತ್ತು. ಅವನು ಅದನ್ನು ಪೆಟ್ಟಿಗೆಯಲ್ಲಿಟ್ಟ.

ಏಕೆ? ಎಲ್ಲರೂ ದುರಾಸೆ ಎನ್ನುತ್ತಾರೆ. ನನಗೆ ಆ ಪದ ಸಾಲದು. 1395ರಲ್ಲಿ ಅವನು ಮಾರ್ಗರಿತಾಳಿಗೆ ಬರೆದ ಒಂದು ಕಾಗದದಲ್ಲಿ ತಾನು ಕಂಡ ಕನಸನ್ನು ಹೇಳುತ್ತಾನೆ. ಒಂದು ಮನೆ ಕುಸಿದು ಚೂರುಚೂರಾಗಿ ಬಿದ್ದಿದೆ, ತನ್ನ ಮನೆಯವರೆಲ್ಲ ಅದರೊಳಗಿದ್ದಾರೆ. ಅರವತ್ತರ ಮುದುಕ ಕಂಡ ಕನಸು ಇದು. ಹದಿಮೂರನೆಯ ವಯಸ್ಸಿನಲ್ಲಿ ಅವನ ಮನೆ ನಿಜಕ್ಕೂ ಹಾಗೆಯೇ ಕುಸಿದಿತ್ತು, ಒಳಗಿದ್ದವರಲ್ಲಿ ನಾಲ್ವರು ಹೋಗಿದ್ದರು. ಆ ಹುಡುಗ ಅವನೊಳಗೆ ಎಂದೂ ಮಲಗಲಿಲ್ಲ ಎಂದು ನನಗೆ ಅನ್ನಿಸುತ್ತದೆ. ಗೋಡೆಯ ಮೇಲೆ ಗೋಡೆ, ಖಾತೆಯ ಮೇಲೆ ಖಾತೆ ಕಟ್ಟುತ್ತಾ ಹೋದದ್ದು ಆ ಮಹಾಮಾರಿಯ ವರ್ಷ ಮತ್ತೆ ಬಾರದಿರಲಿ ಎಂದು. ಆದರೆ ಕಾಗದದ ಮುಂದಿನ ಸಾಲುಗಳನ್ನು ಓದಿ. ಕನಸಿನ ಅರ್ಥವನ್ನು ಅವನು ಹುಡುಕುವುದು ಎಲ್ಲಿ? ವೆನಿಸ್ ಬಿಟ್ಟು ಎರಡು ತಿಂಗಳಾದರೂ ಸುದ್ದಿಯಿಲ್ಲದ ಒಂದು ಹಡಗಿನಲ್ಲಿ. ಅದಕ್ಕೆ ಅವನು 300 ಫ್ಲೋರಿನ್ ವಿಮೆ ಕೊಟ್ಟಿದ್ದ. ಮನೆ ಬಿದ್ದ ಕನಸು, ಮನೆಯೊಳಗೆ ಮನೆಯವರು, ಮತ್ತು ಬೆಳಗಾದರೆ ಅವನಿಗೆ ಹೊಳೆದದ್ದು 300 ಫ್ಲೋರಿನ್. ಮಹತ್ವಾಕಾಂಕ್ಷೆಯ ಬೆಲೆ ಎಂದರೆ ನನಗೆ ಇದು. ಎದೆಯೊಳಗಿನ ಗಾಯ ತಾನಾಗಿ ಮಾತಾಡಿದರೂ ಅವನಿಗೆ ಆ ಭಾಷೆ ಮರೆತುಹೋಗಿತ್ತು. ಇದನ್ನು ಓದಿದಾಗ ಸಿಟ್ಟು ಇಳಿದು ಕನಿಕರ ಬರುತ್ತದೆ. ಕಾಗದ ತಲುಪಿದ ಹೆಂಗಸನ್ನು ನೆನೆದರೆ ಸಿಟ್ಟು ಮತ್ತೆ ಏರುತ್ತದೆ.

ಅವನಲ್ಲಿ ಭಕ್ತಿ ಇರಲಿಲ್ಲವೆಂದಲ್ಲ. 1399ರ ಆಗಸ್ಟಿನಲ್ಲಿ ಬಿಳಿಯುಟ್ಟ ಯಾತ್ರಿಕರ ದೊಡ್ಡ ಅಲೆ ಇಟಲಿಯಲ್ಲಿ ಎದ್ದಾಗ, ಅರವತ್ತನಾಲ್ಕರ ದಾತೀನಿ ಬಿಳಿ ನಾರುಬಟ್ಟೆ ಉಟ್ಟು, ಬರಿಗಾಲಲ್ಲಿ, ಮನೆಯವರನ್ನೂ ಗುಮಾಸ್ತರನ್ನೂ ಕರೆದುಕೊಂಡು ಹೊರಟ. ಮಾಂಸ ಮುಟ್ಟಲಿಲ್ಲ, ಮಂಚದ ಮೇಲೆ ಮಲಗಲಿಲ್ಲ. ಜೊತೆಗೆ ಕುದುರೆಗಳ ಮೇಲೆ ಮಿಠಾಯಿ ಪೆಟ್ಟಿಗೆ, ಚೀಸ್, ಬಿಸಿ ರೊಟ್ಟಿಗಳ ಹೊರೆಯೂ ಹೊರಟಿತು. ಖರ್ಚು ಲೆಕ್ಕದಲ್ಲಿದೆ. ಇದರಲ್ಲಿ ಕಪಟವಿತ್ತೆಂದು ನಾನು ನಂಬುವುದಿಲ್ಲ. ಅಂಗಾಲಿನ ನೋವೂ ನಿಜ, ಹೊರೆಯೂ ನಿಜ.

ಮರುವರ್ಷ ಪ್ಲೇಗು ಮತ್ತೆ ಬಂತು. ದಾತೀನಿ ಉಯಿಲು ಬರೆದು ಹೆಂಡತಿ, ಜಿನೇವ್ರ, ಆಳುಕಾಳುಗಳೊಡನೆ ಬೊಲೋನ್ಯಾಕ್ಕೆ ಹೋಗಿ ಒಂದು ವರ್ಷಕ್ಕೂ ಮೇಲೆ ಅಲ್ಲಿದ್ದ. ಕಾಗದಗಳು ಒಂದರ ಹಿಂದೊಂದು ಬಂದವು. ಪಿಸಾದ ಪಾಲುದಾರ ಸತ್ತ. ಜಿನೋವಾದವನು ಸತ್ತ. ಬ್ಯಾಂಕಿನ ಜೊತೆಗಾರ ಸತ್ತ, ಬ್ಯಾಂಕು ಮುಚ್ಚಿತು. ಊರಲ್ಲೇ ಉಳಿದ ಲಾಪೊನ ತೋಳಿನಲ್ಲಿ ಇಬ್ಬರು ಗಂಡುಮಕ್ಕಳು ಕೆಲವೇ ಗಂಟೆಗಳ ಅಂತರದಲ್ಲಿ ಕಣ್ಣು ಮುಚ್ಚಿದರು. ಆ ದುಃಖದಲ್ಲೂ ಲಾಪೊ ದಾತೀನಿಗೆ ಬರೆಯುವುದನ್ನು ಬಿಡಲಿಲ್ಲ. ಬೊಲೋನ್ಯಾದಿಂದ ಹಿಂದಿರುಗಿದ ದಾತೀನಿ ಮೊದಲಿನ ದಾತೀನಿಯಾಗಿರಲಿಲ್ಲ. ಕೆಲವು ಮಂಡಿಗಳನ್ನು ಮುಚ್ಚಿದ. 1407ರಲ್ಲಿ ಜಿನೇವ್ರಳಿಗೆ 1000 ಫ್ಲೋರಿನ್ ವರದಕ್ಷಿಣೆ ಕೊಟ್ಟು ಮದುವೆ ಮಾಡಿದ. ಆ ಮದುವೆಯನ್ನು ನಡೆಸಿಕೊಟ್ಟವಳು ಮಾರ್ಗರಿತಾ.

1410ರ ಆಗಸ್ಟ್ 16ರಂದು ಅವನು ತೀರಿಕೊಂಡ. ಹಾಸಿಗೆಯ ಪಕ್ಕದಲ್ಲಿದ್ದ ಲಾಪೊ, ಸಾವು ತನಗೂ ಬರುತ್ತದೆಂಬುದು ಗೆಳೆಯನಿಗೆ ಬಹಳ ವಿಚಿತ್ರವೆನಿಸಿತ್ತು ಎಂದು ದಾಖಲಿಸಿದ್ದಾನೆ. ಕೊನೆಗೂ ಲಾಪೊ ಹೇಳಿದಂತೆ ಉಯಿಲಾಗಿತ್ತು. 70,000 ಫ್ಲೋರಿನ್‌ಗೂ ಮೀರಿದ ಆಸ್ತಿ, ಆ ದೊಡ್ಡ ಮನೆ, ಬಹುಮಟ್ಟಿಗೆ ಎಲ್ಲವೂ ಪ್ರಾತೊದ ಬಡವರಿಗೆ. ಆ ದತ್ತಿಯ ಹೆಸರು ಚೆಪ್ಪೊ, ಅಂದರೆ ಟೊಳ್ಳು ಮಾಡಿದ ಮರದ ದಿಮ್ಮಿಯ ಕಾಣಿಕೆ ಡಬ್ಬಿ. ಚರ್ಚಿನ ಕೈಗೆ ಅದು ಹೋಗಕೂಡದು, ಊರವರೇ ನೋಡಿಕೊಳ್ಳಬೇಕು ಎಂದು ಬಿಗಿಯಾಗಿ ಬರೆಸಿದ್ದ. ಬೀದಿಗೆ ಬಿದ್ದ ಕೂಸುಗಳಿಗೆ ಫ್ಲಾರೆನ್ಸಿನಲ್ಲಿ ಒಂದು ಆಸರೆ ಆಗಲೆಂದು 1000 ಫ್ಲೋರಿನ್ ಬಿಟ್ಟ. ಬ್ರುನೆಲ್ಲೆಸ್ಕಿ ಕಟ್ಟಿದ ಪ್ರಸಿದ್ಧ ಅನಾಥ ಶಿಶುಗಳ ಆಸ್ಪತ್ರೆಗೆ ಬೀಜ ಆ ಹಣ. ಗುಲಾಮರನ್ನು ಬಿಡುಗಡೆ ಮಾಡಿದ. ಚೆಪ್ಪೊ ಪ್ರಾತೊದಲ್ಲಿ ಇಂದಿಗೂ ಇದೆ, ಆರು ಶತಮಾನಗಳ ದತ್ತಿ. ಅದರಿಂದ ಎಷ್ಟು ಹೆಣ್ಣುಮಕ್ಕಳ ಮದುವೆ, ಎಷ್ಟು ಹಸಿದ ಹೊಟ್ಟೆ! ಈ ಒಳಿತನ್ನು ನಾನು ಎಳ್ಳಷ್ಟೂ ಕಡಿಮೆ ಮಾಡಿ ಹೇಳಲಾರೆ. ದತ್ತಿಯ ಹಣದಲ್ಲಿ ಓದಿದವರಲ್ಲಿ ನಾನೂ ಒಬ್ಬ.

ಚೆಪ್ಪೊದವರು 1453ರಲ್ಲಿ ಫಿಲಿಪ್ಪೊ ಲಿಪ್ಪಿ ಎಂಬ ಚಿತ್ರಕಾರನಿಂದ ಒಂದು ಚಿತ್ರ ಬರೆಸಿದರು. ಪ್ರಾತೊದಲ್ಲಿ ಈಗಲೂ ಅದನ್ನು ನೋಡಬಹುದು. ನಡುವೆ ಮಗುವನ್ನೆತ್ತಿದ ಮೇರಿ. ಕೆಳಗೆ ದಾತೀನಿ ಮೊಣಕಾಲೂರಿ, ಚೆಪ್ಪೊ ನೋಡಿಕೊಳ್ಳುವ ನಾಲ್ವರು ಗಂಡಸರನ್ನು ಅವಳಿಗೆ ತೋರಿಸುತ್ತಿದ್ದಾನೆ. ಆ ನಾಲ್ವರು ಅವನಿಗಿಂತ ಬಹಳ ಚಿಕ್ಕವರಾಗಿ, ಮಕ್ಕಳಂತೆ ಕಾಣುತ್ತಾರೆ. ಮಾರ್ಗರಿತಾ ಚಿತ್ರದಲ್ಲಿಲ್ಲ. ಗಂಡ ಸತ್ತ ಮೇಲೆ ಅವಳು ಫ್ಲಾರೆನ್ಸಿಗೆ ಹೋಗಿ ಜಿನೇವ್ರಳ ಜೊತೆಯಲ್ಲಿದ್ದು 1423ರಲ್ಲಿ ತೀರಿಕೊಂಡಳು.

ಕಾಗದಗಳನ್ನು ಎಸೆಯಬೇಡಿ ಎಂದು ದಾತೀನಿ ಬದುಕಿನುದ್ದಕ್ಕೂ ಗುಮಾಸ್ತರಿಗೆ ತಾಕೀತು ಮಾಡಿದ್ದ. ಎಲ್ಲ ಮಂಡಿಗಳ ಕಾಗದಗಳನ್ನೂ ತನ್ನ ಮನೆಗೆ ತಂದು ಸೇರಿಸಬೇಕೆಂದು ಉಯಿಲಿನಲ್ಲೂ ಬರೆಸಿದ. ತಂದು ಸೇರಿಸಿದರು. ಆಮೇಲೆ ಅವು ಮೂಟೆಗಳಲ್ಲಿ, ಮೆಟ್ಟಿಲ ಕೆಳಗೆ, ಇಲಿ ಹುಳಗಳ ನಡುವೆ ಮರೆತುಹೋದವು. ಹೊರಗೆ ಬಂದದ್ದು 1870ರಲ್ಲಿ. ಸುಮಾರು ಒಂದೂವರೆ ಲಕ್ಷ ಕಾಗದಗಳು, 500ಕ್ಕೂ ಹೆಚ್ಚು ಲೆಕ್ಕದ ಪುಸ್ತಕಗಳು, 300 ಪಾಲುದಾರಿಕೆ ಕರಾರುಗಳು, 400 ವಿಮೆ ಪತ್ರಗಳು, ಸಾವಿರಾರು ಹುಂಡಿಗಳು. ಫೆದೆರಿಗೊ ಮೆಲಿಸ್ ಅಂಥವರು ಇವುಗಳ ಮೇಲೆ ಆಯುಸ್ಸು ಸವೆಸಿದರು. ಮಧ್ಯಯುಗದ ವ್ಯಾಪಾರದ ಚರಿತ್ರೆಯನ್ನು ಇವನ್ನು ಬಿಟ್ಟು ಬರೆಯುವಂತಿಲ್ಲ.

ಅವುಗಳ ನಡುವೆಯೇ ಮಾರ್ಗರಿತಾಳ ಕಾಗದಗಳೂ ಇದ್ದವು. ಹೊರಗಿನಿಂದ ಬಂದ ಪ್ರತಿ ಕಾಗದದ ಬೆನ್ನಿಗೆ ಯಾವ ಊರಿನಿಂದ, ಯಾವ ದಿನ ಬಂತೆಂದು ನಮೂದಿಸುವುದು ದಾತೀನಿಯ ಮಂಡಿಗಳ ಕಟ್ಟಳೆ. ರಾತ್ರಿ ಎದ್ದಿರಬೇಡ, ಮನೆಗೆ ಬಾ ಎಂದು ಹೆಂಡತಿ ಕಳಿಸಿದ ಕಾಗದಗಳನ್ನು ತಿರುಗಿಸಿ ನೋಡಿದರೆ ಅಲ್ಲೂ ಆ ನಮೂದು ಇದೆ: ಪ್ರಾತೊದಿಂದ, ಇಂಥ ತಿಂಗಳು, ಇಂಥ ದಿನ.